ಗಾಳಿಗೌಡ್ತಿ ಎಂಬ ಹೆಸರು

ಹಣ್ಣಾಗುತ್ತಿರುವ ಕೆಂಪು ಬಾಳೆಗೆ ಅದರದೇ ಒಂದು ವಾಸನೆ ಇದೆ. ಹಳದಿ ಬಾಳೆಯ ವಾಸನೆಯ ಹಾಗೆ ಅದು ಒಮ್ಮೆಲೇ ಮೂಗಿಗೆ ರಾಚುವುದಿಲ್ಲ. ಮೊದಲು ನೀರು ಚಿಮುಕಿಸಿದ ಮಣ್ಣಿನಂತೆ, ಆಮೇಲೆ ಕಾಯುತ್ತಿರುವ ಬೆಲ್ಲದಂತೆ, ನಿಧಾನವಾಗಿ ಕೋಣೆ ತುಂಬಿಕೊಳ್ಳುತ್ತದೆ. ಹೋದ ವಾರ ಕಲಬುರಗಿಯ ಸೂಪರ್ ಮಾರ್ಕೆಟ್ ಎಂಬ ಬಜಾರಿನಲ್ಲಿ ತಳ್ಳುಗಾಡಿಯ ಮುದುಕರೊಬ್ಬರು ಗೋಣಿಚೀಲ ಸರಿಸಿ, "ಕಮಲಾಪುರದ ಮಾಲ್ ಅದ ಬೇಟಿ, ಅಸಲಿ ಅದ, ನೋಡ್ರಿ" ಅಂದರು. ಆ ವಾಸನೆ ಬಂದದ್ದೇ ತಡ, ಬಿಸಿಲು, ಆಟೋಗಳ ಗದ್ದಲ, ಕೈಯಲ್ಲಿದ್ದ ಕಾಯಿಪಲ್ಲೆಯ ಚೀಲ ಎಲ್ಲ ದೂರ ಸರಿದವು. ನಾನು ಶಹಾಬಾದಿ ಕಲ್ಲಿನ ತಣ್ಣನೆಯ ನೆಲದ ಮೇಲೆ ಮೊಣಕಾಲು ಮಡಚಿ ಕೂತ ಏಳು ವರ್ಷದ ಹುಡುಗಿಯಾಗಿದ್ದೆ. ಎದುರಿಗೆ ಕಾಶವ್ವ ಬಾಳೆಗೊನೆಗಳಿಗೆ ಒಣ ಎಲೆ ಹೊದಿಸುತ್ತಿದ್ದಳು.

ಆ ಮನೆ ನನ್ನ ದೊಡ್ಡವ್ವನದು, ಅವ್ವನ ಅಕ್ಕ ನೀಲಮ್ಮನದು. ಗಂಡ ತೀರಿಕೊಂಡ ಮೇಲೆ ಕಮಲಾಪುರದ ಬಾಳೆತೋಟವನ್ನು ಒಬ್ಬಳೇ ನಡೆಸಿದ ಹೆಂಗಸು ಆಕೆ. ಮಾತು ಕಡಿಮೆ, ಸಿಟ್ಟು ಜಾಸ್ತಿ. ಆದರೆ ಉಣ್ಣಲಿಕ್ಕೆ ಕೂತವರ ತಾಟು ಬರಿದಾಗಲು ಬಿಟ್ಟವಳಲ್ಲ. ಅಪ್ಪ ನಂದೂರಿನ ದಾಲ್ ಮಿಲ್ಲಿನಲ್ಲಿ ಕೆಲಸಕ್ಕಿದ್ದ. ಕಲಬುರಗಿಯ ಅಂಚಿನ ಕೋಟನೂರಿನ ಬಾಡಿಗೆ ಕೋಣೆಯಲ್ಲಿ ನಾವಿದ್ದೆವು. ಸಂಜೆ ಅಪ್ಪ ಮನೆಗೆ ಬಂದರೆ ಅವನ ಅಂಗಿಯ ಜೊತೆ ತೊಗರಿಯ ಹೊಟ್ಟೂ ಬರುತ್ತಿತ್ತು. ಅದು ನನ್ನ ಎದೆಗೆ ಆಗಿಬರಲಿಲ್ಲ. ದಮ್ಮು ಹತ್ತಿ ನಾನು ಕೂತಲ್ಲೇ ಬಾಯಿ ತೆರೆದು ಉಸಿರಿಗಾಗಿ ಒದ್ದಾಡುವುದನ್ನು ನೋಡಲಾರದೆ ಅವ್ವ ನನ್ನನ್ನು ಅಕ್ಕನ ಮನೆಗೆ ಬಿಟ್ಟಳು. ಐದು ವರ್ಷ ನಾನು ಅಲ್ಲೇ ಬೆಳೆದೆ, ಅಲ್ಲೇ ಸಾಲಿಗೆ ಹೋದೆ.

ಕಾಶವ್ವ ತೋಟದ ಕೆಲಸಕ್ಕೆ ಬರುತ್ತಿದ್ದವಳು. ಊರಿನ ಆಚೆ ಕಡೆಯ ಓಣಿಯವಳು. ಅವರ ಮನೆಯ ಗೋಡೆಯ ಮೇಲೆ ಬುದ್ಧನ ಪಟವಿತ್ತು, ಬಾಗಿಲಿಗೆ ನೀಲಿ ಬಣ್ಣವಿತ್ತು. ಎತ್ತರದ ಆಳು, ಬಾಳೆಯ ಸಾಲಿನಲ್ಲಿ ನಡೆದರೆ ತಲೆಯ ಸೆರಗು ಮೇಲಿನ ಎಲೆಗಳಿಗೆ ತಾಗುತ್ತಿತ್ತು. ಊರಲ್ಲಿ ಚಿಕ್ಕವರು ದೊಡ್ಡವರು ಎಲ್ಲರೂ ಆಕೆಯನ್ನು 'ಕಾಶಿ' ಅಂತಲೇ ಕೂಗುತ್ತಿದ್ದರು. ನಿನ್ನೆ ಮೊನ್ನೆ ಹುಟ್ಟಿದ ಹುಡುಗರು ಸಹ "ಏ ಕಾಶಿ" ಅನ್ನುತ್ತಿದ್ದರು. ನಾನೂ ಹಾಗೇ ಕೂಗುತ್ತಿದ್ದೆ ಎಂಬುದನ್ನು ಈಗ ಬರೆಯುವಾಗ ಕೈ ತಡೆಯುತ್ತದೆ. ಕಾಶವ್ವ ಅಂದದ್ದು ಆಮೇಲೆ. ಯಾಕೆ ಆಮೇಲೆ ಎಂಬುದೇ ಈ ಕಥೆ.

ಕಮಲಾಪುರಕ್ಕೆ ಬಂದ ಮೊದಲ ತಿಂಗಳು ಒಂದು ಮಧ್ಯಾಹ್ನ ನನಗೆ ಮತ್ತೆ ದಮ್ಮು ಹತ್ತಿತು. ದೊಡ್ಡವ್ವ ಗಾಬರಿಯಾಗಿ ನನ್ನನ್ನು ಹಾಸಿಗೆಯ ಮೇಲೆ ಮಲಗಿಸಿದಳು. ಕಾಶವ್ವ ಪಡಸಾಲೆಯ ಹೊರಗಿನಿಂದಲೇ, "ಮಲಗಸಬ್ಯಾಡ್ರಿ ಗೌಡ್ತೇರೇ, ಮಲಗಿಸಿದ್ರ ಉಸಿರು ಕಟ್ತದ. ನೆಟ್ಟಗ ಕೂಡಸ್ರಿ" ಅಂದಳು. ಆಮೇಲೆ ತಾನೇ ಒಳಗೆ ಬಂದು ನನ್ನನ್ನು ಎದೆಗೆ ಆನಿಸಿಕೊಂಡು ಕೂತಳು. ಕೆಲಸದವಳು ಪಡಸಾಲೆ ದಾಟಿ ಬಂದದ್ದನ್ನು ದೊಡ್ಡವ್ವ ನೋಡಿದಳು, ಬಿಸಿನೀರು ತರಲು ಒಳಗೆ ಹೋದಳು. ಬಿಸಿನೀರಿನ ಹಬೆ ತೋರಿಸುತ್ತ, ಬೆನ್ನು ಸವರುತ್ತ ಕಾಶವ್ವ ನನ್ನ ಕಿವಿಯಲ್ಲಿ ಹೇಳಿದಳು: "ಯಾರೋ ಒಬ್ಬಾಕಿ ನಿನ್ನ ಉಸಿರು ಮುಷ್ಟಿಯಾಗ ಹಿಡದಾಳ. ಹೆದರಬ್ಯಾಡ. ಆಕಿ ಗಾಳಿಗೌಡ್ತಿ ಇದ್ರ ಬಿಟ್ಟೇ ಬಿಡ್ತಾಳ." ಉಸಿರಾಡಲಿಕ್ಕೆ ಆಗದಿದ್ದರೂ ಆ ಹೆಸರು ನನ್ನನ್ನು ಹಿಡಿದು ನಿಲ್ಲಿಸಿತು. ಗಾಳಿಗೌಡ್ತಿ ಅಂದರೆ ಯಾರು? ಕೇಳಬೇಕಾದರೆ ಉಸಿರು ಬೇಕಲ್ಲ. ಕೇಳುವ ಆಸೆಗೇ ಉಸಿರು ತಿರುಗಿ ಬಂತು ಅಂತ ಆಗ ನಂಬಿದ್ದೆ.

ಅಂದಿನಿಂದ ಮಧ್ಯಾಹ್ನದ ಹೊತ್ತು, ಗೊನೆಗಳಿಗೆ ಎಲೆ ಹೊದಿಸುವ ಕೆಲಸದ ನಡುವೆ ಕಥೆ ಸುರುವಾಗುತ್ತಿತ್ತು. ಎಲ್ಲೋ ಒಂದು ಕಪ್ಪು ಗುಡ್ಡದ ನಾಡು, ಅಲ್ಲಿ ಮನೆಗೊಬ್ಬಳು ಮಾಟಗಾತಿ. ಒಬ್ಬಳು ಕಲ್ಲನ್ನು ಬೆಲ್ಲ ಮಾಡುತ್ತಾಳೆ, ಒಬ್ಬಳು ಬಾವಿಯ ಜೊತೆ ಮಾತಾಡುತ್ತಾಳೆ. ಆದರೆ ಅವರೆಲ್ಲ ಬರೀ ಮಾಟಗಾತಿಯರು. ಗಾಳಿಗೌಡ್ತಿ ಎಂಬ ಪದವಿ ನೂರು ವರ್ಷಕ್ಕೆ ಒಬ್ಬಳಿಗೆ ಸಿಕ್ಕರೆ ಹೆಚ್ಚು. ಅದು ಸಿಗಬೇಕಾದರೆ ಒಂದು ಪರೀಕ್ಷೆ. ಆಕೆಗೆ ಜೀವಮಾನದಲ್ಲಿ ಅತಿ ಹೆಚ್ಚು ಕೇಡು ಮಾಡಿದವರ ಉಸಿರನ್ನು ತಂದು ಆಕೆಯ ಮುಷ್ಟಿಯೊಳಗೆ ಇಡುತ್ತಾರೆ. ಹಿಸುಕಿದರೆ ಮುಗಿಯಿತು, ಯಾರೂ ಕೇಳುವವರಿಲ್ಲ. ಹಿಸುಕದೆ ಮುಷ್ಟಿ ಬಿಚ್ಚಿದವಳೇ ಗಾಳಿಗೌಡ್ತಿ.

"ನಮ್ಮ ದೊಡ್ಡವ್ವಗೂ ನೀ ಗೌಡ್ತಿ ಅಂತಿ. ಆಕಿನೂ ಆಗ್ತಾಳೇನು?" ಅಂತ ನಾನು ಒಮ್ಮೆ ಕೇಳಿದೆ. ಕಾಶವ್ವ ಎಲೆಯ ಕಟ್ಟು ಕೆಳಗಿಟ್ಟು ನಕ್ಕಳು. "ಅವ್ರು ಭೂಮಿ ಗೌಡ್ತೇರು. ಭೂಮಿ ಗೌಡಕಿ ಬೇಕಂದ್ರ ಗೌಡನ ಮನೀಗೆ ಹುಟ್ಟಬೇಕು, ಇಲ್ಲಂದ್ರ ಗೌಡನ್ನ ಲಗ್ನ ಆಗಬೇಕು. ಗಾಳಿಗಿ ಅಪ್ಪನ ಹೆಸರಿಲ್ಲ, ಗಂಡನ ಹೆಸರಿಲ್ಲ, ಕುಲ ಇಲ್ಲ, ಬದು ಇಲ್ಲ. ಅದರ ಗೌಡಕಿ ತಾನೇ ಗಳಿಸಬೇಕು." ಒಳಗೆ ಹಿಟ್ಟು ಜರಡಿ ಹಿಡಿಯುತ್ತಿದ್ದ ದೊಡ್ಡವ್ವನ ಕೈ ಒಂದು ಗಳಿಗೆ ನಿಂತದ್ದು ನನಗೆ ಕೇಳಿಸಿತು. ಆಮೇಲೆ ಜರಡಿಯ ಸದ್ದು ಮತ್ತೆ ಸುರುವಾಯಿತು.

ಆ ಹೆಸರನ್ನು ಬಳಸಲಿಕ್ಕೂ ಕಾಯಿದೆಗಳಿದ್ದವು. ತನ್ನನ್ನು ತಾನೇ ಗಾಳಿಗೌಡ್ತಿ ಅಂದುಕೊಂಡವಳ ಶಕ್ತಿ ಆ ಮಾತಿನ ಜೊತೆಗೇ ಇಳಿದುಹೋಗುತ್ತದೆ. ಬೇರೆಯವರೇ ಅನ್ನಬೇಕು. ಅವರೂ ಒಂದು ಕಾಲಕ್ಕೆ ಆಕೆಗೆ ಹೆದರಿದವರಾಗಿರಬೇಕು. ಹೆಸರಿನ ಹಿಂದೆ 'ರೀ' ಹಚ್ಚಬೇಕು. ಅಂದ ಮೇಲೆ ಎದ್ದು ನಿಂತು ಕೂಡಲಿಕ್ಕೆ ಜಾಗ ಕೊಡಬೇಕು. ಮತ್ತು ಸಿಟ್ಟಿನಲ್ಲಿ, ಬಡಾಯಿಯಲ್ಲಿ, ಚೇಷ್ಟೆಯಲ್ಲಿ ಆ ಮಾತು ಎತ್ತಬಾರದು. ಇದನ್ನೆಲ್ಲ ನಾನು ಸಾಲಿಯ ಮಗ್ಗಿಗಿಂತ ಚೆನ್ನಾಗಿ ಬಾಯಿಪಾಠ ಮಾಡಿದ್ದೆ. ಕೊನೆಯದನ್ನು ಮುರಿದವಳೂ ನಾನೇ.

ನಮ್ಮ ಪಕ್ಕದ ಮನೆ ಚಂದ್ರವ್ವನದು. ಆಕೆಯ ಮಗಳು ಜಗದೇವಿ ನನ್ನ ಜೊತೆಗಾರ್ತಿ. ಅವಳಿಗೊಬ್ಬ ತಮ್ಮ, ಇನ್ನೂ ನಡೆಯಲು ಬರದ ಕೂಸು. ಒಂದು ದಿನ ಜಗದೇವಿಯ ಮಾಮಾ ಸೊಲ್ಲಾಪುರದಿಂದ ಅವಳಿಗೆ ಜರಿಯ ಫ್ರಾಕು ತಂದಿದ್ದ. ಅದನ್ನು ಹಾಕಿಕೊಂಡು ಅವಳು ನನ್ನ ಮುಂದೆ ಹತ್ತು ಸಲ ತಿರುಗಿದಳು. ನನ್ನಲ್ಲಿ ತೋರಿಸಲಿಕ್ಕೆ ಏನೂ ಇರಲಿಲ್ಲ. "ನಮ್ಮ ಕಾಶಿ ಯಾರು ಗೊತ್ತೇನು? ಖರೇನೇ ಗಾಳಿಗೌಡ್ತಿ ಅದಾಳ. ಯಾರ ಉಸಿರು ಬೇಕಾದ್ರೂ ಮುಷ್ಟಿಯಾಗ ಹಿಡಿತಾಳ!" ಅಂದುಬಿಟ್ಟೆ. ಜಗದೇವಿ ಕಣ್ಣು ಅರಳಿಸಿ ಎಲ್ಲ ಕಾಯಿದೆಗಳನ್ನೂ ನನ್ನಿಂದ ಹೇಳಿಸಿಕೊಂಡಳು. ಅಂದು ನನಗೆ ಆದ ಸಂತೋಷ ನೆನೆದರೆ ಈಗಲೂ ನಾಚಿಕೆಯಾಗುತ್ತದೆ.

ನಾಲ್ಕೈದು ದಿನಕ್ಕೆ ಆ ಕೂಸಿಗೆ ನೆಗಡಿ ಆಯಿತು, ನೆಗಡಿ ಕೆಮ್ಮಿಗೆ ತಿರುಗಿತು, ಕೆಮ್ಮು ಎದೆಗೆ ಇಳಿಯಿತು. ಉಸಿರು ಎಳೆಯುವಾಗ ಕೂಸಿನ ಪಕ್ಕೆಲುಬುಗಳು ಒಳಕ್ಕೆ ಹೋಗುತ್ತಿದ್ದವು. ಚಂದ್ರವ್ವ ದಾರ ಕಟ್ಟಿಸಿದಳು, ದೃಷ್ಟಿ ತೆಗೆದಳು. ತಾಯಿಯ ಕಣ್ಣೀರು ನೋಡಿ ಜಗದೇವಿ ತನಗೆ ಗೊತ್ತಿದ್ದದ್ದನ್ನು ಹೇಳಿದಳು. ಮರುದಿನ ಬೆಳಿಗ್ಗೆ ಏಳೆಂಟು ಮಂದಿ ನಮ್ಮ ಅಂಗಳದಲ್ಲಿದ್ದರು. ಕಾಶವ್ವ ಆಗಷ್ಟೇ ಕೆಲಸಕ್ಕೆ ಬಂದು ಬಾವಿಯ ಹತ್ತಿರ ನಿಂತಿದ್ದಳು. "ನನ್ನ ಕೂಸಿನ ಉಸಿರು ಮುಷ್ಟಿಯಾಗ ಹಿಡದಿ ಅಂತಲ್ಲಾ, ಬಿಡ ಅದನ್ನ!" ಅಂತ ಚಂದ್ರವ್ವ ಕೂಸನ್ನು ಎದೆಗವುಚಿಕೊಂಡು ಚೀರಿದಳು. "ಆಕಿ ಓಣಿಯವ್ರು ಇಂಥಾದ್ದೇ ಕಲ್ತಿರ್ತಾರ" ಅಂತ ಹಿಂದಿನಿಂದ ಯಾರೋ ಅಂದರು. ಒಬ್ಬಾತನ ಕೈಯಲ್ಲಿ ಚಪ್ಪಲಿ ಇತ್ತು.

ಅದು ನನ್ನ ಮಾತು. ನಾನು ಆಡಿದ ಮಾತೇ, ಒಂದಕ್ಷರ ಬಿಡದೆ, ಆಕೆಯ ಮೇಲೆ ಬಂದು ಬೀಳುತ್ತಿತ್ತು. ನಾನು ಪಡಸಾಲೆಯ ಕಂಬ ಹಿಡಿದು ನಿಂತಿದ್ದೆ. ಹೇಗೆ ಧೈರ್ಯ ಬಂತೋ ಗೊತ್ತಿಲ್ಲ, "ನಾ ಹೇಳಿದ್ದು! ಸುಳ್ಳು ಹೇಳಿದ್ದು! ಅದು ಕತಿ!" ಅಂತ ಕೂಗಿದೆ. ದೊಡ್ಡವ್ವ ನನ್ನ ಕಡೆ ನೋಡಿದಳು, ಆಮೇಲೆ ಮೆಟ್ಟಿಲು ಇಳಿದು ಹೋಗಿ ಕಾಶವ್ವನ ಪಕ್ಕದಲ್ಲಿ, ಆಕೆಯ ಭುಜಕ್ಕೆ ಭುಜ ತಾಗುವಂತೆ ನಿಂತಳು. "ಚಪ್ಪಲಿ ಕೆಳಗ ಹಾಕ" ಅಂದಳು. ಅಷ್ಟೇ.

ಕಾಶವ್ವ ಮಾತ್ರ ಯಾರ ಮಾತೂ ಕೇಳಿಸಿಕೊಂಡಂತೆ ಕಾಣಲಿಲ್ಲ. ಆಕೆಯ ಕಣ್ಣು ಕೂಸಿನ ಮೇಲಿತ್ತು. "ಚಂದ್ರವ್ವ, ಕೂಸಿನ ತುಟಿ ನೀಲಿ ಆಗ್ಯಾವ. ದವಾಖಾನಿಗಿ ಒಯ್ದೀರೇನು?" ಒಯ್ದಿರಲಿಲ್ಲ. "ನನಗ ಆಮ್ಯಾಲ ಬೈರಿ. ಈಗ ಜಲ್ದಿ ನಡೀರಿ" ಅಂದವಳೇ ಸೆರಗು ಸೊಂಟಕ್ಕೆ ಸಿಕ್ಕಿಸಿಕೊಂಡು ಡಾಂಬರು ರಸ್ತೆಗೆ ಓಡಿದಳು. ಹುಮನಾಬಾದ ಕಡೆಯಿಂದ ಬರುತ್ತಿದ್ದ ಟೆಂಪೋಕ್ಕೆ ಎರಡೂ ಕೈ ಅಗಲಿಸಿ ರಸ್ತೆಯ ನಡುವೆಯೇ ನಿಂತಳು. ಡ್ರೈವರ್ ಬ್ರೇಕ್ ಹಾಕಿ ಬೈಯಲು ತಲೆ ಹೊರಗೆ ಹಾಕಿದವನು ಚಂದ್ರವ್ವನ ತೋಳಲ್ಲಿದ್ದ ಕೂಸನ್ನು ನೋಡಿ, ಹಿಂದೆ ಹತ್ತಲು ಕೈ ತೋರಿಸಿದ. ದೊಡ್ಡವ್ವ ನನ್ನ ರಟ್ಟೆ ಹಿಡಿದು ಹಿಂದೆ ಹತ್ತಿಸಿದಳು. "ನೀನೂ ಬಾ. ಮಾತು ಆಡಿದಾಕಿ ನೀನು, ಅದರ ಬೆನ್ನಿಗೆ ನೀನೂ ಬರಬೇಕು."

ಟೆಂಪೋದಲ್ಲಿ ಒಂದು ಮೂಲೆಗೆ ಚಂದ್ರವ್ವ, ಇನ್ನೊಂದು ಮೂಲೆಗೆ ಕಾಶವ್ವ. ನಡುವೆ ದೊಡ್ಡವ್ವ, ಆಕೆಯ ಮಗ್ಗುಲಲ್ಲಿ ನಾನು. "ಮಲಗಸಬ್ಯಾಡ, ನೆಟ್ಟಗ ಹಿಡಿ" ಅಂತ ಕಾಶವ್ವ ಅಲ್ಲಿಂದಲೇ ಹೇಳುತ್ತಿದ್ದಳು. ಚಂದ್ರವ್ವ ಅಳುತ್ತಲೇ ಹಾಗೆ ಹಿಡಿಯುತ್ತಿದ್ದಳು. ಆದರೆ ಮೂರು ರಾತ್ರಿ ನಿದ್ದೆ ಇಲ್ಲದ ತೋಳುಗಳು. ಗಾಡಿ ಕುಲುಕಿದಾಗೆಲ್ಲ ಕೂಸು ಜಾರುತ್ತಿತ್ತು. ಅರ್ಧ ದಾರಿಗೆ ಬಂದಾಗ ಅದು ಬಾಯಿ ತೆರೆದು ಒಮ್ಮೆ ತಲೆ ವಾಲಿಸಿತು. ಚಂದ್ರವ್ವ ಕಾಶವ್ವನ ಮುಖ ನೋಡಿದಳು. ಕೂಸನ್ನು ಎರಡೂ ಕೈಯಲ್ಲಿ ಮುಂದೆ ಚಾಚಿದಳು. ಕಾಶವ್ವ ಅದನ್ನು ಎದೆಗೆ ಆನಿಸಿ, ಗದ್ದ ಎತ್ತಿ ಹಿಡಿದು, ಗಾಡಿಯ ಕುಲುಕಾಟವನ್ನೆಲ್ಲ ತನ್ನ ಸೊಂಟದಲ್ಲೇ ತಡೆಯುತ್ತ ಕಲಬುರಗಿಯವರೆಗೆ ಅಲುಗಾಡದೆ ಕೂತಳು. ನನ್ನನ್ನು ಹಿಡಿದಿದ್ದಂತೆಯೇ ಹಿಡಿದಿದ್ದಳು.

ದವಾಖಾನೆಯಲ್ಲಿ ಕೂಸಿನ ಮೂಗಿಗೆ ನಳಿಕೆ ಹಾಕಿದರು. ಎದೆಯಲ್ಲಿ ಕಫ ಕಟ್ಟಿ ನಿಮೋನಿಯಾ ಆಗಿದೆ ಅಂದರು. ನರ್ಸಮ್ಮ ಹೊರಗೆ ಬಂದು, "ಹಾದಿಯಾಗ ಕೂಸಿನ್ನ ನೆಟ್ಟಗ ಹಿಡ್ಕೊಂಡು ಬಂದವರು ಯಾರು? ಛಲೋ ಮಾಡೀರಿ" ಅಂದಳು. ಚಂದ್ರವ್ವ ಕಾಶವ್ವನ ಕಡೆ ಕೈ ತೋರಿಸಿ, "ಇವ್ರು ರೀ" ಅಂದಳು. ಈಕಿ ಅನ್ನಲಿಲ್ಲ, ಇವ್ರು ಅಂದಳು. ಸಣ್ಣ ಹುಡುಗಿಯಾದ ನನಗೂ ಆ ಮಾತು ಹೊಸದಾಗಿ ಕೇಳಿಸಿತು. ಕೂಸು ವಾರದ ಮೇಲೆ ಮನೆಗೆ ಬಂತು.

ಅದು ಬಂದ ಮರುದಿನ ಚಂದ್ರವ್ವ ಕಾಶವ್ವನನ್ನು ತನ್ನ ಮನೆಗೆ ಕರೆದಳು. ಆಕೆ ಎಂದಿನಂತೆ ಅಂಗಳದಲ್ಲೇ ನಿಂತಳು. ಜಗದೇವಿ ಎದ್ದು, ಅದೇ ಜರಿಯ ಫ್ರಾಕಿನಲ್ಲಿ, ಒಳಗಿನ ಪಡಸಾಲೆಯಲ್ಲಿ ಮಣೆ ಇಟ್ಟು, ನಾನು ಹೇಳಿಕೊಟ್ಟಿದ್ದ ಕಾಯಿದೆಯಂತೆ, "ಗಾಳಿಗೌಡ್ತೇರೇ, ಬರ್ರಿ, ಕೂಡ್ರಿ" ಅಂದಳು. ಓಣಿಯವರು ನೋಡುತ್ತಿದ್ದರು. ಕಾಶವ್ವ ನಗಲಿಲ್ಲ. ಹೊಸ್ತಿಲ ಹೊರಗೆ ನಿಂತೇ ಹೇಳಿದಳು: "ಅದು ಕತಿಯಾಗಿನ ಹೆಸರು ಯವ್ವಾ. ಅದಕ್ಕ ಮಂದಿ ಹೆದರ್ತಾರ, ಇಲ್ಲ ಕೈ ಮುಗೀತಾರ. ನನಗ ಎರಡೂ ಬ್ಯಾಡ. ನನ್ನ ಹೆಸರು ಕಾಶವ್ವ. ಕಾಶವ್ವ ಅಂತ ಕರದ್ರ ಒಳಗ ಬಂದು ಕೂಡ್ತೀನಿ." ಚಂದ್ರವ್ವನೇ ಮುಂದೆ ಬಂದು, "ಬರ್ರಿ ಕಾಶವ್ವ" ಅಂದಳು. ಆಕೆ ಹೊಸ್ತಿಲು ದಾಟಿ, ಬೆನ್ನು ನೆಟ್ಟಗೆ ಮಾಡಿ ಮಣೆಯ ಮೇಲೆ ಕೂತು, ಒಂದು ಬಟ್ಟಲು ಚಹಾ ಕುಡಿದು ಎದ್ದಳು. ನಮ್ಮ ಓಣಿಯಲ್ಲಿ ಅದಾದ ಮೇಲೆ ಯಾರೂ 'ಕಾಶಿ' ಅಂದದ್ದನ್ನು ನಾನಂತೂ ಕೇಳಲಿಲ್ಲ.

ಆದರೆ ಕಥೆ ನಿಂತುಹೋಯಿತು. ಎಷ್ಟು ಕಾಡಿದರೂ, "ಬಾಯಿ ದಣದದ ಬಿಡು" ಅಂತ ಗೊನೆಗಳ ಕಡೆ ತಿರುಗುತ್ತಿದ್ದಳು. ಸಿಟ್ಟು ಇರಲಿಲ್ಲ, ನನ್ನ ತಲೆ ಬಾಚುತ್ತಿದ್ದಳು, ದಮ್ಮು ಹತ್ತಿದರೆ ಎದೆಗೆ ಆನಿಸಿಕೊಳ್ಳುತ್ತಿದ್ದಳು. ಕಪ್ಪು ಗುಡ್ಡದ ನಾಡಿಗೆ ಮಾತ್ರ ಮತ್ತೆ ಕರೆದೊಯ್ಯಲಿಲ್ಲ. ಹತ್ತು ತುಂಬುವಾಗ ಅಪ್ಪ ಮಿಲ್ಲಿನ ಕೆಲಸ ಬಿಟ್ಟು ಮೋಮಿನಪುರದ ಹತ್ತಿರ ಕಿರಾಣಿ ಅಂಗಡಿ ಸೇರಿದ, ನಾನು ಕಲಬುರಗಿಗೆ ಮರಳಿದೆ. ವರ್ಷಗಳು ಕಳೆದಂತೆ ದೊಡ್ಡವ್ವ ತೀರಿಹೋದಳು, ತೋಟ ಬೇರೆಯವರ ಕೈಗೆ ಹೋಯಿತು, ಮನೆಯ ಕಲ್ಲುಗಳನ್ನು ಬಿಚ್ಚಿ ಯಾರೋ ಒಯ್ದರು. ಕಾಶವ್ವ ತೀರಿಕೊಂಡದ್ದು ನನಗೆ ಗೊತ್ತಾದದ್ದು ತಿಂಗಳಾದ ಮೇಲೆ.

ಆ ಭಾನುವಾರವೇ ಬಸ್ಸು ಹಿಡಿದು ಹೋದೆ. ಆಕೆಯ ಮಗಳು ಹಳ್ಳದ ದಂಡೆಯಲ್ಲಿ ಅವ್ವನನ್ನು ಮಣ್ಣು ಮಾಡಿದ ಜಾಗಕ್ಕೆ ಕರೆದೊಯ್ದಳು. ಕಲ್ಲು ಇಟ್ಟಿರಲಿಲ್ಲ, ಮಣ್ಣಿನ ಮೇಲೆ ಆಗಲೇ ಗರಿಕೆ ಚಿಗುರಿತ್ತು. ಕೊನೆಗೆ ನಾನೇ, ಎಷ್ಟೋ ವರ್ಷ ಒಳಗೆ ಇಟ್ಟುಕೊಂಡದ್ದನ್ನು ಹೇಳಿದೆ: "ನನ್ನಿಂದ ನಿಮ್ಮ ಅವ್ವಗ ಭಾಳ ತ್ರಾಸ ಆಯ್ತು." ಮಗಳು ಆಶ್ಚರ್ಯದಿಂದ ನನ್ನ ಮುಖ ನೋಡಿದಳು.

"ಅವ್ವ ಹಂಗ ಎಂದೂ ಅಂದಿಲ್ಲರೀ. ನಿಮ್ಮ ಮಾತು ಬಂದಾಗೆಲ್ಲ ಒಂದೇ ಹೇಳ್ತಿದ್ಲು. ಅಷ್ಟು ಮಂದಿ ದೊಡ್ಡವ್ರು ನಿಂತಿದ್ರು, ಯಾರ ಬಾಯೂ ಏಳಲಿಲ್ಲ, ಆ ಸಣ್ಣ ಹುಡುಗಿ ಒಬ್ಬಾಕಿನೇ 'ನಾ ಹೇಳಿದ್ದು' ಅಂದ್ಲು ಅಂತ."

ನಾನು ಆ ಗರಿಕೆಯ ಮುಂದೆ ಕೂತುಬಿಟ್ಟೆ. ಆಕೆಯೂ ಪಕ್ಕದಲ್ಲಿ ಕೂತು ನನ್ನ ಬೆನ್ನ ಮೇಲೆ ಕೈ ಇಟ್ಟಳು. ಕಡೆಯ ಬಸ್ಸಿಗೆ ಇನ್ನೂ ಹೊತ್ತಿತ್ತು.