ಮುದ್ದತು ಕೇಳುವ ವಕೀಲರು

ನಮ್ಮ ಕೋರ್ಟಿನಲ್ಲಿ ಕೊಟ್ರಪ್ಪ ವಕೀಲರು ಎದ್ದು ನಿಂತರೆ ದಾವೆ ಮುಂದಕ್ಕೆ ಹೋಯಿತೆಂದೇ ಅರ್ಥ. ಬೆಟಗೇರಿಯ ವಿಧವೆ ತಿಪ್ಪವ್ವನನ್ನು ಮನೆ ಬಿಡಿಸಲು ನನ್ನ ಕಕ್ಷಿದಾರ ಹೂಡಿದ ದಾವೆಯಲ್ಲಿ ಆಕೆಯ ಪರ ನಿಂತ ಅವರಿಗೆ ಒಮ್ಮೆ ಹಲ್ಲುನೋವು, ಒಮ್ಮೆ ಸಾಕ್ಷಿಗೆ ಜ್ವರ. ಸ್ವಾತಂತ್ರ್ಯ ಬಂದ ವಾರವಂತೂ, "ಸಾಹೇಬ್ರ, ಹೊಸ ಸರಕಾರ ಬಂದೈತಿ, ಕಾಯ್ದೆ ಹೆಂಗಾಗ್ತಾವೋ ನೋಡೂಣು, ಮುದ್ದತು ಕೊಡ್ರಿ" ಎಂದರು. ತಲೆ ಚಿಟ್ಟು ಹಿಡಿದು ಮುಂಬಯಿ ಹೈಕೋರ್ಟಿಗೆ ಹೋದೆ. ಇನ್ನು ಮುದ್ದತು ಕೊಡದೆ ವಿಚಾರಣೆ ಮುಗಿಸಬೇಕೆಂದು ಅಲ್ಲಿಂದ ಆದೇಶ ಬಂತು. "ಇನ್ನ ಏನ್ ನೆವಾ ಹೇಳ್ತೀರಿ?" ಎಂದು ಕೆಣಕಿದೆ. "ಕಾಯ್ದೆ ಮೊದಲಿಂದಾನೂ ನಿಮ್ಮ ಕಡೀನ ಐತ್ರಿ. ಮುದ್ದತು ಸಿಕ್ಕಷ್ಟು ದಿನ ಆಕಿಗೆ ಸೂರು ಇತ್ತು" ಎಂದರು. ದಾವೆ ನಾವೇ ಗೆದ್ದೆವು. ಮನೆ ಬಿಡಿಸಿದ ಸಂಜೆ ಕೊಟ್ರಪ್ಪನವರ ಬಾಗಿಲ ಮುಂದೆ ಹಾಯುವಾಗ ನೋಡಿದೆ: ಅವರೇ ತಿಪ್ಪವ್ವನ ಬೀಸುಕಲ್ಲನ್ನು ಚಕ್ಕಡಿಯಿಂದ ಇಳಿಸಿ ತಮ್ಮ ಪಡಸಾಲೆಗೆ ಹೊರುತ್ತಿದ್ದರು.