ಬಂಡೆಯ ಮೇಲಿನ ಕಲ್ಲುಗುಡ್ಡೆ

ದೆವ್ವ, ಗಾಳಿ, ಮೈಮೇಲೆ ಬರುವುದು, ಇಂಥ ಮಾತು ಎತ್ತಿದವರನ್ನು ನಾನು ಸುಮ್ಮನೆ ಬಿಟ್ಟವನಲ್ಲ. ಟೀ ಅಂಗಡಿಯಲ್ಲಿ ಯಾರಾದರೂ "ನಮ್ಮ ತಾತ ಕಣ್ಣಾರೆ ಕಂಡಿದ್ದ" ಎಂದು ಶುರು ಮಾಡಿದರೆ ಸಾಕು, "ನಿಮ್ಮ ತಾತ ಅವತ್ತು ಏನು ಕುಡಿದಿದ್ದ?" ಎಂದು ಕೇಳಿ ಜಗಳಕ್ಕೇ ನಿಲ್ಲುತ್ತಿದ್ದೆ. ಈಗ ನಾನೇ ಅಂಥದ್ದೊಂದನ್ನು ಹೇಳಲು ಕೂತಿದ್ದೇನೆ. ನಗುವುದಾದರೆ ನಗಿ. ನಿಮ್ಮ ಜಾಗದಲ್ಲಿ ನಾನಿದ್ದರೆ ಇನ್ನೂ ಜೋರಾಗಿ ನಗುತ್ತಿದ್ದೆ. ಆದರೆ ಇದು ನಡುರಾತ್ರಿಯ ಕತೆಯಲ್ಲ. ಎಲ್ಲವೂ ನಡೆದದ್ದು ಹಾಡಹಗಲೇ, ಚಳ್ಳಕೆರೆ ಸೀಮೆಯ ಬಿಸಿಲಿನಲ್ಲಿ.

ಬಸ್‌ಸ್ಟ್ಯಾಂಡಿನ ಹಿಂದೆ ನನ್ನದೊಂದು ಫ್ಲೆಕ್ಸ್ ಅಂಗಡಿ ಇದೆ. ಹುಟ್ಟುಹಬ್ಬ, ಗೃಹಪ್ರವೇಶ, ಭಾವಪೂರ್ಣ ಶ್ರದ್ಧಾಂಜಲಿ ಎಲ್ಲಕ್ಕೂ ಬ್ಯಾನರ್ ಮಾಡಿ ಕೊಡುವುದು ನನ್ನ ಕೆಲಸ. ಮಧ್ಯಾಹ್ನ ಗಿರಾಕಿಗಳಿಲ್ಲದ ಹೊತ್ತಿನಲ್ಲಿ ಅದೇ ಕಂಪ್ಯೂಟರಿನಲ್ಲಿ ಆಟ ಆಡುತ್ತಿದ್ದೆ. ಮಣ್ಣು, ಕಲ್ಲು, ಮರ, ನೀರು ಎಲ್ಲವನ್ನೂ ಅಗೆದು, ಜೋಡಿಸಿ ನಮಗೆ ಬೇಕಾದ ಲೋಕ ಕಟ್ಟಿಕೊಳ್ಳುವ ಆಟ ಅದು. ಅದರಲ್ಲಿ ಇದೇ ನಿಯಮ ಅಂತಿಲ್ಲ. ಯಾವ ಬಗೆಯ ಪಂದ್ಯ ಬೇಕೋ ನಾವೇ ಮಾಡಿಕೊಳ್ಳಬಹುದು. ಅದಕ್ಕೆ ಬೇಕಾದ ತುಂಡುಗಳನ್ನು ಆಟಗಾರರೇ ಬರೆದು ಇಂಟರ್‌ನೆಟ್ಟಿನಲ್ಲಿ ಪುಕ್ಕಟೆ ಹಂಚುತ್ತಾರೆ. ಮಾಡ್ ಎನ್ನುತ್ತಾರೆ ಅವಕ್ಕೆ. ಒಬ್ಬ ಬಿರುಗಾಳಿಯ ಮಾಡ್ ಬರೆದಿರುತ್ತಾನೆ, ಇನ್ನೊಬ್ಬ ರೈಲಿನದು, ಮತ್ತೊಬ್ಬ ಸಾಧು ದನಗಳನ್ನು ಹಾಯುವ ದನಗಳಾಗಿ ಬದಲಿಸುವ ಮಾಡ್. ಅವನ್ನೆಲ್ಲ ತಂದು, ತಿದ್ದಿ, ಒಂದಕ್ಕೊಂದು ಹೊಲಿದು ಹೊಸ ಪಂದ್ಯ ಮಾಡುವುದು ನನ್ನ ಹುಚ್ಚು.

ನನ್ನ ಸೋದರಮಾವ ಪಾಲಯ್ಯ ನನ್ನಿವಾಳದ ಕಡೆ ಕಿಲಾರಿಯಾಗಿದ್ದ. ಕಿಲಾರಿ ಅಂದರೆ ದೇವರ ಎತ್ತು ಕಾಯುವವನು. ಆ ಎತ್ತುಗಳ ಹೆಗಲಿಗೆ ನೊಗ ಇಡುವ ಹಾಗಿಲ್ಲ, ಮಾರುವ ಹಾಗಿಲ್ಲ. ಸತ್ತರೆ ಮನುಷ್ಯರಿಗೆ ಮಾಡಿದ ಹಾಗೇ ಗುಂಡಿ ತೋಡಿ, ಪೂಜೆ ಮಾಡಿ, ಮಣ್ಣು ಮಾಡಬೇಕು. ಹದ್ದು ನಾಯಿಗಳಿಗೆ ಬಿಟ್ಟರೆ ಊರಿಗೇ ಕೇಡು ಎನ್ನುತ್ತಾರೆ. ಕಿಲಾರಿ ಕಾಲಿಗೆ ಚಪ್ಪಲಿ ಮೆಟ್ಟುವುದಿಲ್ಲ. ಮಾವ ನಮ್ಮ ಜೊತೆ ಕನ್ನಡದಲ್ಲಿ ಬೈಯುತ್ತಿದ್ದ, ಎತ್ತುಗಳ ಜೊತೆ ತೆಲುಗಿನಲ್ಲಿ ಮುದ್ದು ಮಾಡುತ್ತಿದ್ದ. ಅವುಗಳಲ್ಲಿ ಬೂದಿ ಬಣ್ಣದ್ದೊಂದು, ಬೂದಯ್ಯ ಅಂತ ಹೆಸರು. ಕೊಂಬು ನೋಡಿದರೆ ಎದೆ ಝಲ್ ಅನ್ನಬೇಕು, ಆದರೆ ಮಕ್ಕಳು ಬಾಲ ಹಿಡಿದೆಳೆದರೂ ತಿರುಗಿ ನೋಡದ ಪ್ರಾಣಿ. "ರಾ ಬೂದಯ್ಯಾ, ರಾ ನಾಯನಾ" ಎಂದರೆ ಎಲ್ಲಿದ್ದರೂ ಬಂದು ಮಾವನ ಭುಜಕ್ಕೆ ಮೂತಿ ಒರೆಸುತ್ತಿತ್ತು. ಮಾವನಿಗೆ ಹೆಂಡತಿ ಮಕ್ಕಳಿಲ್ಲ. ಆ ಎತ್ತುಗಳೇ ಎಲ್ಲ.

ನಾನು ಆ ಎತ್ತುಗಳು ಮೇಯುವ ಕಾವಲನ್ನೇ ಆಟದಲ್ಲಿ ಕಟ್ಟಿದೆ. ಉಪಗ್ರಹದ ನಕ್ಷೆ ಮುಂದಿಟ್ಟುಕೊಂಡು ಹಳ್ಳ, ಒಣಕೆರೆ, ದನ ಕೂಡುವ ಮುಳ್ಳುಬೇಲಿಯ ರೊಪ್ಪ, ಉದ್ದದ ಕಾಂಪೌಂಡ್ ಗೋಡೆ, ನಡುವಿನ ಬೋಳುಬಂಡೆ, ಎಲ್ಲವನ್ನೂ ಇದ್ದಲ್ಲೇ ಇಟ್ಟೆ. ಎತ್ತು ಬೇಕಿತ್ತು. ಫೋನಿನಲ್ಲಿ ಬೂದಯ್ಯನ ಫೋಟೋ ಇತ್ತು, ಅದರ ಚರ್ಮವನ್ನೇ ಎತ್ತಿ ಆಟದ ಎತ್ತಿಗೆ ಹೊದಿಸಿ, ಮೇಲೆ ಹಾಯುವ ಮಾಡ್ ಹಾಕಿದೆ. ಎತ್ತು ರೊಪ್ಪಕ್ಕೆ ನುಗ್ಗುತ್ತದೆ, ಅದನ್ನು ಬಡಿದು ಕೆಡವಿ ಸಾಯಿಸಿದವನು ಗೆದ್ದ. ಗೋಡೆಗೂ ಹಳ್ಳಕ್ಕೂ ನಡುವೆ ಒಂದು ಸಂದಿಯಿದೆ. ಅಲ್ಲಿಗೆ ಓಡಿಸಿಕೊಂಡು ಹೋದರೆ ಎತ್ತು ತಿರುಗಲಾರದೆ ಸಿಕ್ಕಿಬೀಳುವ ಹಾಗೆ ಮಾಡಿದ್ದೆ. ಪಂದ್ಯ ಭಾರಿ ಚೆನ್ನಾಗಿ ಬಂದಿತ್ತು, ಈಗಲೂ ಹಾಗೇ ಹೇಳುತ್ತೇನೆ. ಇಂಟರ್‌ನೆಟ್ಟಿಗೆ ಹಾಕಿದ್ದೇ ತಡ, ಎಲ್ಲೆಲ್ಲಿಯವರೋ ಇಳಿಸಿಕೊಂಡು ಆಡತೊಡಗಿದರು. ನಮ್ಮ ಕಡೆಯವರಿಗೆ ಮಾತ್ರ ಹೇಳಲಿಲ್ಲ. ಮಾವನ ಕಿವಿಗೆ ಬಿದ್ದರೆ ಸೊಂಟ ಮುರಿಯುತ್ತಾನೆಂದು ಗೊತ್ತಿತ್ತು. ಅವನ ಹತ್ತಿರ ಇದ್ದದ್ದು ಗುಂಡಿ ಒತ್ತುವ ಹಳೇ ಫೋನು. ನನ್ನ ಅಂಗಡಿಯ ಮೆಟ್ಟಿಲನ್ನೂ ಅವನು ಹತ್ತಿದವನಲ್ಲ.

ಬೇಸಿಗೆ ಶುರುವಾಗುವಾಗ ಒಂದು ಬೆಳಿಗ್ಗೆ ಅವ್ವ ತವರಿಂದ ಅಳುತ್ತಾ ಬಂದಳು.

"ನಿಮ್ಮ ಮಾವಂಗೆ ಏನೋ ಆಗೈತಪ್ಪ. ಕಾವಲೆಲ್ಲ ಗುಂಡಿ ತೋಡಿ ತೋಡಿ ಮುಚ್ತಾನೆ. ಹೊತ್ತಿಗೆ ಉಣ್ಣಲ್ಲ. ಹಿರಿಯರು ಅಮಾಸೆ ತನಕ ನೋಡ್ತಾರಂತೆ, ಆಮೇಲೆ ಅವನ ಕೈಯಾಗಿನ ಕೋಲು ಇಸ್ಕಂಡು ಬೇರೆ ಕಿಲಾರೀನ ಇಡ್ತಾರಂತೆ. ಎತ್ತು ಬಿಡಿಸಿದ್ರೆ ಅವನು ಬದುಕ್ತಾನೇನೋ?"

ಬದುಕುವುದಿಲ್ಲ ಎಂದು ನನಗೂ ಗೊತ್ತಿತ್ತು. ಅಂಗಡಿ ಮುಚ್ಚಿ ಗಾಡಿ ಹತ್ತಿದೆ.

ಕಾವಲಿನಲ್ಲಿ ಅಲ್ಲಲ್ಲಿ ಹೊಸ ಮಣ್ಣಿನ ಗುಡ್ಡೆಗಳಿದ್ದವು. ಎತ್ತು ಹೂತರೆ ಆಗುವಷ್ಟು ಉದ್ದ, ತಲೆಯ ಕಡೆಗೊಂದು ಚಪ್ಪಟೆ ಕಲ್ಲು. ಮಾವ ಬರಿಮೈಯಲ್ಲಿ ಅಗೆಯುತ್ತಿದ್ದ. ನನ್ನನ್ನು ನೋಡಿದರೂ ಗುದ್ದಲಿ ನಿಲ್ಲಿಸಲಿಲ್ಲ.

"ಏನ್ ಮಾವ ಇದು? ಊರೆಲ್ಲ ನಗ್ತೈತೆ."

"ನಗ್ಲಿ ಬಿಡು. ಎತ್ತು ಸಾಯ್ತೈತೆ ಕಣಲೇ. ದಿನಾ ಸಾಯ್ತೈತೆ. ಬಡಿದು ಸಾಯಿಸಿ ಹಂಗೇ ಬಿಟ್ಟು ಹೋಗ್ತಾರೆ. ಮಣ್ಣು ಮಾಡೋಕೆ ನಿಮ್ಮಪ್ಪ ಬರ್ತಾನಾ?"

"ಯಾವ ಎತ್ತು ಸತ್ತೈತೆ? ಅಲ್ನೋಡು, ಬೂದಯ್ಯ ಮೇಯ್ತಾ ನಿಂತೈತಲ್ಲ!"

"ಅದು ಮೇಯ್ತೈತೆ, ಇದು ಸಾಯ್ತೈತೆ. ನಿಂಗೆ ತಿಳಿಯಲ್ಲ. ಚಪ್ಪಲಿ ಬಿಟ್ಟು ನಿಂತ್ಕಳಲೇ, ಎಲ್ಲಿ ನಿಂತಿದೀಯ ನೋಡು!"

ಬಿಸಿಲಿಗೆ ತಲೆ ಕೆಟ್ಟಿದೆ ಎಂದುಕೊಂಡು ನಾನೂ ಬೈದೆ. ಬೈಯುತ್ತಲೇ ಸುತ್ತ ನೋಡಿದೆ. ಗುಡ್ಡೆಗಳು ಎಲ್ಲೆಂದರಲ್ಲಿ ಇರಲಿಲ್ಲ. ಒಂದೆರಡು ರೊಪ್ಪದ ಬಾಗಿಲಲ್ಲಿ, ಕೆಲವು ಒಣಕೆರೆಯ ಏರಿಯ ಕೆಳಗೆ. ಮಿಕ್ಕವೆಲ್ಲ ಗೋಡೆಗೂ ಹಳ್ಳಕ್ಕೂ ನಡುವಿನ ಸಂದಿಯಲ್ಲಿ, ಕಾಲಿಡಲು ಜಾಗವಿಲ್ಲದಂತೆ ಒತ್ತೊತ್ತಾಗಿ. ನಿಜವಾದ ಕಾವಲಿನಲ್ಲಿ ಆ ಸಂದಿಗೆ ಯಾವ ಮಹತ್ವವೂ ಇಲ್ಲ. ದನ ಆ ಕಡೆ ಹೋಗುವುದೂ ಇಲ್ಲ. ಅಲ್ಲಿ ಎತ್ತು ಸಾಯುತ್ತಿದ್ದದ್ದು ನನ್ನ ಆಟದಲ್ಲಿ ಮಾತ್ರ. ಬೈಯುವುದನ್ನು ಬಿಟ್ಟು ಗಾಡಿಯ ಕಡೆ ನಡೆದೆ.

ವಾಪಸ್ ಬರುವಾಗ ದಾರಿಯುದ್ದಕ್ಕೂ ನನಗೆ ನಾನೇ ಬೈದುಕೊಂಡೆ. ಕಾಕತಾಳೀಯ ಅಷ್ಟೇ, ಯಾರೋ ಪಡ್ಡೆ ಹುಡುಗರು ಫೋನಿನಲ್ಲಿ ಆಟ ತೋರಿಸಿರುತ್ತಾರೆ, ಮುದುಕ ತಲೆಗೆ ಹಚ್ಚಿಕೊಂಡಿದ್ದಾನೆ. ಹಾಗಿದ್ದರೆ ಪರೀಕ್ಷೆ ಮಾಡಿಯೇಬಿಡೋಣ ಅನ್ನಿಸಿತು. ಮರುದಿನ ಮಧ್ಯಾಹ್ನ ಅಂಗಡಿಯ ಷಟರ್ ಎಳೆದು, ಇಂಟರ್‌ನೆಟ್ ಕೂಡ ಬಂದ್ ಮಾಡಿ, ಒಬ್ಬನೇ ಕೂತೆ. ಯಾರೂ ಕೆಡವದ, ಯಾರೂ ಅಗೆಯಲಾಗದ ಜಾಗ ಹುಡುಕಿದೆ. ಕಾವಲಿನ ನಡುವಿನ ಬೋಳುಬಂಡೆ. ಎತ್ತನ್ನು ಕೆಣಕುತ್ತಾ ಕೆಣಕುತ್ತಾ ಬಂಡೆಯ ನೆತ್ತಿಗೆ ಹತ್ತಿಸಿ ಅಲ್ಲಿ ಕೊಂದೆ. ಆಟದಲ್ಲಿ ಸತ್ತ ಎತ್ತು ಒಂದು ಚೂರು ಚರ್ಮ ಉದುರಿಸಿ ಮಾಯವಾಗುತ್ತದೆ. ಇದೂ ಹಾಗೇ ಮಾಯವಾಯಿತು. ಯಾರಿಗೂ ಹೇಳಲಿಲ್ಲ, ಅವ್ವನಿಗೂ ಹೇಳಲಿಲ್ಲ.

ಬೆಳಿಗ್ಗೆ ಎದ್ದವನೇ ನನ್ನಿವಾಳಕ್ಕೆ ಹೋದೆ. ದೂರದಿಂದಲೇ ಕಂಡಿತು. ಬಂಡೆಯ ನೆತ್ತಿಯ ಮೇಲೆ ಕಲ್ಲಿನ ಗುಡ್ಡೆ. ಅಗೆಯಲಾಗದ ಜಾಗ ನೋಡಿ, ಕೆಳಗಿನಿಂದ ಒಂದೊಂದೇ ಕಲ್ಲು ಹೊತ್ತು ಹತ್ತಿಸಿ ಪೇರಿಸಿದ್ದ. ತಲೆಯ ಕಡೆಗೆ ಆ ಚಪ್ಪಟೆ ಕಲ್ಲು. ಮಾವ ಪಕ್ಕದಲ್ಲಿ ಕೂತು ಅಂಗೈಗೆ ಬಟ್ಟೆ ಸುತ್ತಿಕೊಳ್ಳುತ್ತಿದ್ದ. ಬಟ್ಟೆಯೆಲ್ಲ ರಕ್ತವಾಗಿತ್ತು.

"ಇದು ನಿಂದು" ಅಂದ.

ನಾನು ಕೆಳಗಿನ ಮಣ್ಣಿನ ಗುಡ್ಡೆಗಳ ಕಡೆ ನೋಡಿದೆ.

"ಮಿಕ್ಕಿದ್ದು ಯಾರ್ಯಾರ್ದೋ. ಇದು ನಿನ್ನ ಕೈದು. ಬಂಡೆ ಮ್ಯಾಲೆ ಯಾಕ್ಲೇ ಕೆಡವಿದೆ? ನಂಗೆ ವಯಸ್ಸಾಗೈತೆ, ಕಲ್ಲು ಹೊರೋಕೆ ಆಗಲ್ಲ ಅಂತ ಗೊತ್ತಿಲ್ವಾ ನಿಂಗೆ?"

ಹೇಗೆ ಗೊತ್ತಾಯಿತು, ಯಾರು ಹೇಳಿದರು ಎಂದು ಹುಚ್ಚನ ಹಾಗೆ ಕೇಳಿದೆ. ಭುಜ ಹಿಡಿದು ಅಲ್ಲಾಡಿಸಿದೆ. ಅವನು ನನ್ನ ಕೈ ಕಿತ್ತೆಸೆದು, "ಬಿದ್ದಿರೋ ಜಾಗ ಗೊತ್ತಾಗ್ತೈತೆ. ಅಷ್ಟೇ. ಹೋಗು, ಮುಖ ತೋರಿಸಬ್ಯಾಡ" ಎಂದು ಕ್ಯಾಕರಿಸಿ ಉಗಿದ. ಕೆಳಗೆ ಬೂದಯ್ಯ ತಲೆಯೆತ್ತಿ ನನ್ನನ್ನೇ ನೋಡುತ್ತಿತ್ತು. ಮಕ್ಕಳಿಗೆ ಬಾಲ ಕೊಟ್ಟು ನಿಲ್ಲುತ್ತಿದ್ದ ಆ ಎತ್ತು, ನಾನು ಬಂಡೆಯಿಂದ ಇಳಿಯುತ್ತಿದ್ದಂತೆ ಕೊಂಬು ತಗ್ಗಿಸಿ ಬುಸುಗುಟ್ಟಿತು. ಓಡಿ ಗಾಡಿ ಹತ್ತಿದೆ. ಹೆದರಿದ್ದೆ. ಹೇಳಿಕೊಳ್ಳಲು ನಾಚಿಕೆಯೇನಿಲ್ಲ.

ಅಮಾವಾಸ್ಯೆ ಹತ್ತಿರವಿತ್ತು. ಯಾರೂ ಎತ್ತು ಕೊಲ್ಲದಿದ್ದರೆ ಮಾವ ಅಗೆಯುವುದು ನಿಲ್ಲಿಸುತ್ತಾನೆ, ಕೋಲು ಅವನ ಕೈಯಲ್ಲೇ ಉಳಿಯುತ್ತದೆ. ಇಷ್ಟೇ ಲೆಕ್ಕ. ಪಂದ್ಯವನ್ನು ತಿದ್ದಿದೆ. ಹಾಯುವ ಮಾಡ್ ಕಿತ್ತು ಹಾಕಿದೆ, ಎತ್ತು ಸಾಯದ ಹಾಗೆ ಮಾಡಿ, ಹಳೆಯದನ್ನು ಅಳಿಸಿ ಹೊಸದನ್ನು ಹಾಕಿದೆ. ಬೈಗುಳದ ಮಳೆಯೇ ಸುರಿಯಿತು. "ಎತ್ತು ಸಾಯದಿದ್ರೆ ಆಟ ಏನ್ ಬಂತು ಗುರೂ?" ಅಂದರು. ಹಳೆಯದು ಆಗಲೇ ಊರೂರಿನ ಕಂಪ್ಯೂಟರುಗಳಲ್ಲಿ ಕೂತಿತ್ತು. ಒಬ್ಬರಿಂದೊಬ್ಬರಿಗೆ ಅದನ್ನೇ ಹಂಚಿಕೊಂಡರು. ಕೊನೆಗೆ, ಯಾರ ಹತ್ತಿರವೂ ತಗ್ಗದ ನಾನು, ಇದ್ದದ್ದನ್ನು ಇದ್ದ ಹಾಗೆ ಬರೆದು ಕೈಮುಗಿದೆ: ನಮ್ಮ ಮಾವನ ಜೀವದ ಪ್ರಶ್ನೆ, ದಯವಿಟ್ಟು ಆಡಬೇಡಿ. ಅದೇ ತಪ್ಪಾಯಿತು. ಹೆಸರು ಮುಖ ಇಲ್ಲದ ಜನ ಬಿದ್ದು ಬಿದ್ದು ನಕ್ಕರು. "ನಿಮ್ಮ ಮಾವಂಗೆ ಹೇಳು, ನಾಳೆ ಸಾಲಾಗಿ ತೋಡೋಕೆ ರೆಡಿ ಇರ್ಲಿ" ಎಂದು ಒಬ್ಬ ಬರೆದ. ಮರುದಿನ ಹೊತ್ತು ಹುಟ್ಟಿದಾಗಿನಿಂದ ಯಾರು ಹೆಚ್ಚು ಕೊಲ್ಲುತ್ತಾರೆ ಎಂದು ಪೈಪೋಟಿ ಮಾಡಿದರು. ಕೊಂದದ್ದರ ವಿಡಿಯೋಗಳನ್ನು ನನಗೇ ಕಳಿಸಿದರು. ಅವರ ನಾಲಿಗೆ ಸೇದಿಹೋಗ.

ಅವತ್ತು ಮಧ್ಯಾಹ್ನ ಮಾವ ಆ ಸಂದಿಯಲ್ಲಿ ಗುದ್ದಲಿಯ ಮೇಲೆ ಬಿದ್ದಿದ್ದ. ದನ ಕಾಯುವವರು ಹೊತ್ತು ತಂದರು. ಹಿರಿಯರು ಅಮಾವಾಸ್ಯೆಗೂ ಕಾಯಲಿಲ್ಲ, ಸಂಜೆಯೇ ಕೋಲು ಇಸಿದುಕೊಂಡರು.

ಆಮೇಲೆ ಮಾವ ನಮ್ಮ ಮನೆಯಲ್ಲೇ ಇದ್ದ. ಹೊರಗೆ ಬಿಡದಿದ್ದರೆ ಕೈಬೆರಳಿನಲ್ಲಿ ಹಿತ್ತಿಲಿನ ನೆಲ ಕೆರೆಯುತ್ತಿದ್ದ. ನನ್ನ ಜೊತೆ ಒಂದು ಮಾತೂ ಆಡಲಿಲ್ಲ. ನಾನು ನೀರು ಕೊಟ್ಟರೆ ಕುಡಿಯುತ್ತಿರಲಿಲ್ಲ, ಅವ್ವನೇ ಕೊಡಬೇಕು. ಮಳೆಗಾಲಕ್ಕೆ ಮೊದಲೇ ಹೋಗಿಬಿಟ್ಟ. ಹೋಗುವ ಹಿಂದಿನ ದಿನ ಗೋಡೆ ಕಡೆ ಮುಖ ಮಾಡಿ ಮಲಗಿದ್ದವನು, "ಇನ್ನು ಅದಕ್ಕೆ ಯಾರು ಮಣ್ಣು ಹಾಕ್ತಾರೋ" ಅಂದ. ನನಗೆ ಹೇಳಿದನೋ ಗೋಡೆಗೆ ಹೇಳಿದನೋ ತಿಳಿಯಲಿಲ್ಲ. ಅವನ ಶ್ರದ್ಧಾಂಜಲಿಯ ಬ್ಯಾನರನ್ನು ನಾನೇ ಮಾಡಿದೆ.

ಇದಕ್ಕೆ ಏನು ಹೇಳುತ್ತೀರಿ? ಆಸ್ಪತ್ರೆಯವರು ವಯಸ್ಸು, ಬಿಸಿಲು ಎಂದರು. ಯಾರೋ ಆಟ ತೋರಿಸಿರಬೇಕು ಎಂದು ಗೆಳೆಯರು ವಾದಿಸುತ್ತಾರೆ. ನಾನೂ ಹಾಗೆಯೇ ವಾದಿಸುತ್ತಿದ್ದೆ. ಸಂದಿಯ ಗುಡ್ಡೆಗಳಿಗೆ ಆ ಮಾತು ಸಾಲುತ್ತದೆ. ಬಂಡೆಯ ಮೇಲಿನ ಗುಡ್ಡೆಗೆ ಸಾಲುವುದಿಲ್ಲ. ಅದು ಈಗಲೂ ಅಲ್ಲೇ ಇದೆ, ನಂಬದವರು ಹೋಗಿ ನೋಡಬಹುದು. ಮಾಡ್‌ನ ಒಂದೊಂದು ಸಾಲನ್ನೂ ಮತ್ತೆ ಮತ್ತೆ ಓದಿದ್ದೇನೆ. ಅದರಲ್ಲಿ ಏನೂ ಇಲ್ಲ.

ಬೂದಯ್ಯ ಹೊಸ ಕಿಲಾರಿಯ ಜೊತೆ ಚೆನ್ನಾಗಿದೆ. ನಾನು ಆ ಆಟವನ್ನು ಮುಟ್ಟಿ ವರ್ಷಗಳೇ ಆದವು, ಕಂಪ್ಯೂಟರಿನಿಂದ ಕಿತ್ತೇ ಹಾಕಿದ್ದೇನೆ.

ಹೋದ ವಾರ ಮಧ್ಯಾಹ್ನ ಅಂಗಡಿಯಲ್ಲಿ ಗೃಹಪ್ರವೇಶದ ಬ್ಯಾನರ್ ಕತ್ತರಿಸುತ್ತಿದ್ದೆ. ಕಣ್ಣಿಗೆ ಏನೂ ಕಾಣಲಿಲ್ಲ, ಕಿವಿಗೆ ಏನೂ ಕೇಳಲಿಲ್ಲ. ಗೊತ್ತಾಯಿತು, ಅಷ್ಟೇ. ಒಣಕೆರೆಯ ಏರಿಯ ಕೆಳಗೆ, ಬಾರೆ ಗಿಡದ ಪಕ್ಕ ಎತ್ತು ಬಿದ್ದಿದೆ. ಥೂ ಎಂದು ಉಗಿದು, ಕತ್ತರಿ ಮತ್ತೆ ಎತ್ತಿಕೊಂಡೆ. ಮತ್ತೆ ಕೆಳಗಿಟ್ಟೆ. ಗಿರಾಕಿ ಕಾಯುತ್ತಿದ್ದರೂ ಷಟರ್ ಎಳೆದು ಮನೆಗೆ ಬಂದು, ಮಾವನ ಗುದ್ದಲಿಯನ್ನು ಗಾಡಿಗೆ ಕಟ್ಟತೊಡಗಿದೆ. ಅವ್ವ ಬಾಗಿಲಿಗೆ ಬಂದು ಗುದ್ದಲಿ ನೋಡಿದಳು, ಆಮೇಲೆ ನನ್ನ ಮುಖ ನೋಡಿದಳು.

"ಚಪ್ಪಲಿ ಇಲ್ಲೇ ಬಿಟ್ಟು ಹೋಗು" ಅಂದಳು.