ಸೊಸೆ ಓಡಿಹೋಗುವವಳಲ್ಲ

ಮೆಟ್ಟಿಲ ಕೆಳಗಿನ ಇಸ್ತ್ರಿ ಅಂಗಡಿಯ ಮುದುಕಿಗೆ ಬೀದಿಯವರು ಇಟ್ಟ ಹೆಸರು ಕೆಂಡಜ್ಜಿ. ಮೂವತ್ತು ವರ್ಷ ಇದ್ದಿಲಿನ ಪೆಟ್ಟಿಗೆ ಎಳೆದ ಕೈ ಅವಳದು. ಆದರೆ ಪೆಟ್ಟಿಗೆಗಿಂತ ನಾಲಿಗೆಯೇ ಹೆಚ್ಚು ಬಿಸಿ ಎಂದು ಗಿರಾಕಿಗಳು ನಗುತ್ತಿದ್ದರು. ಆ ಬಿಸಿಯ ಬಹುಪಾಲು ಸೊಸೆಯ ಮೇಲೆ ಬೀಳುತ್ತಿತ್ತು. ಸೊಸೆಯದು ಹಾಸಿಗೆ ಹಿಡಿದ ವೃದ್ಧರನ್ನು ಅವರವರ ಮನೆಗೇ ಹೋಗಿ ನೋಡಿಕೊಳ್ಳುವ ಕೆಲಸ.

"ಕಂಡೋರ ಕಾಲು ಒತ್ತೋಕೆ ಪುರುಸೊತ್ತಿದೆ, ಅತ್ತೆ ಮಂಡಿನೋವು ಅಂದ್ರೆ ಮಾತ್ರ ಕಿವಿ ಮಂದ" ಎಂದು ಕೆಂಡಜ್ಜಿ ಅವಳಿಗೆ ಕೇಳುವ ಹಾಗೆಯೇ ಗೊಣಗುತ್ತಿದ್ದಳು.

ಒಂದು ಬೆಳಗ್ಗೆ ಪೊಲೀಸರು ಬಂದು ಆ ಸೊಸೆಯನ್ನು ಕರೆದೊಯ್ದರು. ಅವಳು ನೋಡಿಕೊಳ್ಳುತ್ತಿದ್ದ ಹಿರಿಯ ಹೆಂಗಸು ನಿದ್ರೆಮಾತ್ರೆ ಹೆಚ್ಚಾಗಿ ಸತ್ತಿದ್ದಳು. ಮಾತ್ರೆ ಕೊಡುತ್ತಿದ್ದವಳು ಇವಳೇ, ಕೊಂದವಳೂ ಇವಳೇ ಎಂದು ಸತ್ತವಳ ತಮ್ಮನ ಮಗ ದೂರು ಕೊಟ್ಟಿದ್ದ. ಕೊಲೆ ಕೇಸು. ಕೆಂಡಜ್ಜಿಯ ಮಗ ಮೊದಲೇ ಮೂಕಬಸವ, "ಈಗೇನಮ್ಮಾ ಮಾಡೋದು?" ಎಂಬ ಒಂದೇ ಮಾತನ್ನು ಹಿಡಿದು ಕೂತ. ಕೊನೆಗೆ ಮುದುಕಿಯೇ ಸೆರಗು ಸಿಕ್ಕಿಸಿ ವಕೀಲೆಯೊಬ್ಬಳನ್ನು ಹುಡುಕಿದಳು.

ಮೊದಲ ಜಾಮೀನು ಅರ್ಜಿ ವಜಾ ಆಯಿತು. ತನಿಖೆ ಮುಗಿದಿಲ್ಲ, ಅಕ್ಕಪಕ್ಕದವರ ಹೇಳಿಕೆಯೇ ಆಗಿಲ್ಲ, ಈಗ ಬಿಡುವುದು ಸರಿಯಲ್ಲ ಎಂದರು ನ್ಯಾಯಾಧೀಶರು.

"ಅವಳು ಇರುವೇನೂ ಕೊಂದೋಳಲ್ಲ ಅಂತ ನೀವ್ಯಾಕೆ ಜೋರಾಗಿ ಹೇಳ್ಲಿಲ್ಲ?" ಎಂದು ಕೆಂಡಜ್ಜಿ ವಕೀಲೆಯ ಮೇಲೆ ಹರಿಹಾಯ್ದಳು.

"ಅಜ್ಜಿ, ಕೊಂದ್ಲೋ ಇಲ್ವೋ ಅನ್ನೋದು ವಿಚಾರಣೇಲಿ ತೀರ್ಮಾನ ಆಗತ್ತೆ. ಈಗ ನೋಡೋದೇ ಬೇರೆ. ಆರೋಪ ಎಷ್ಟು ದೊಡ್ಡದು, ಮೇಲ್ನೋಟಕ್ಕೆ ಸಾಕ್ಷ್ಯ ಎಷ್ಟು ಗಟ್ಟಿ, ಹೊರಗೆ ಬಿಟ್ರೆ ಸಾಕ್ಷಿಗಳ ತಂಟೆಗೆ ಹೋಗ್ತಾಳಾ, ಕರೆದಾಗ ಬರ್ತಾಳಾ ಇಲ್ಲ ಓಡಿಹೋಗ್ತಾಳಾ. ಪೊಲೀಸರು ಆರೋಪಪಟ್ಟಿ ಹಾಕ್ಲಿ, ಮತ್ತೆ ಕೇಳೋಣ."

ಎರಡು ತಿಂಗಳ ಮೇಲೆ ಆರೋಪಪಟ್ಟಿ ಬಂತು. ಎರಡನೇ ಅರ್ಜಿಯ ದಿನ ವಕೀಲೆ ಚೆನ್ನಾಗಿಯೇ ವಾದಿಸಿದಳು. ಮಾತ್ರೆಯ ಡಬ್ಬಿ ಬೀಗವಿಲ್ಲದ ಕಪಾಟಿನಲ್ಲಿತ್ತು, ಸತ್ತವಳ ಮನೆಯ ನಾಲ್ಕೂ ಜನರ ಕೈಗೆ ಸಿಗುತ್ತಿತ್ತು ಎಂದು ಪೊಲೀಸರ ಕಾಗದದಲ್ಲೇ ಇದೆ ಎಂದು ತೋರಿಸಿದಳು. ಕೆಂಡಜ್ಜಿಗೆ ಉಸಿರು ಬಂದಂತಾಯಿತು. ಅಷ್ಟರಲ್ಲಿ ಸರ್ಕಾರಿ ವಕೀಲರು ಎದ್ದರು.

"ಸ್ವಾಮಿ, ಸಾವಿಗೆ ಆರೇ ತಿಂಗಳ ಮುಂಚೆ ಆರೋಪಿ ಪಾಸ್‌ಪೋರ್ಟ್ ಮಾಡಿಸಿದಾಳೆ. ಮನೆಗೆಲಸದ ಹೆಂಗಸಿಗೆ ಪಾಸ್‌ಪೋರ್ಟ್ ಯಾಕೆ? ಬಿಟ್ರೆ ದೇಶ ಬಿಟ್ಟೇ ಹೋಗ್ತಾಳೆ."

ಹಿಂದಿನ ಬೆಂಚಿನಲ್ಲಿ ಕೂತ ಕೆಂಡಜ್ಜಿ ಮುಂದಿನ ಬೆಂಚಿನ ಅಂಚು ಹಿಡಿದಳು. ಪಾಸ್‌ಪೋರ್ಟ್ ಮಾಡಿಸಿದ್ದು ತನ್ನದೇ ಕಾಟಕ್ಕೆ! ಬಾಯಿ ತೆರೆಯಬೇಡಿ ಎಂದು ವಕೀಲೆ ಹತ್ತು ಸಲ ಹೇಳಿದ್ದಳು. ಆದರೂ ಮುದುಕಿ ಎದ್ದು ನಿಂತೇಬಿಟ್ಟಳು.

"ಸ್ವಾಮಿ, ಅದು ನನ್ನ ತಪ್ಪು."

ನ್ಯಾಯಾಧೀಶರು ಕನ್ನಡಕದ ಮೇಲಿಂದ ನೋಡಿದರು. "ಯಾರಮ್ಮ ನೀವು?"

"ಇವಳ ಅತ್ತೆ. ಪಕ್ಕದ ಮನೆ ಹುಡುಗಿ ಇದೇ ಕೆಲಸಕ್ಕೆ ಹೊರದೇಶಕ್ಕೆ ಹೋದ್ಲು. ನೀನೂ ಹೋಗು ಅಂತ ದಿನಾ ತಲೆ ತಿಂದು ನಾನೇ ಪಾಸ್‌ಪೋರ್ಟ್ ಮಾಡಿಸ್ದೆ. ಕೆಲಸ ಸಿಕ್ತು, ಈ ಮೊಂಡಿ ಒಲ್ಲೆ ಅಂದ್ಲು. ಆ ಅಮ್ಮಂಗೆ ನನ್ನ ಕೈಯೇ ರೂಢಿ, ಬಿಟ್ಟು ಹೋಗಲ್ಲ ಅಂದ್ಲು. ಎಷ್ಟು ಬೈದೆ ಅಂತ ಇಡೀ ಬೀದೀನ ಕೇಳಿ. ನಾನೇ ಕತ್ತು ಹಿಡಿದು ದಬ್ಬಿದ್ರೂ ಹೋಗ್ಲಿಲ್ಲ, ಈಗ ಓಡಿಹೋಗ್ತಾಳಾ?"

ಕೋರ್ಟಿನಲ್ಲಿ ಯಾರೋ ಕಿಸಕ್ಕೆಂದರು. ನ್ಯಾಯಾಧೀಶರು ನಗಲಿಲ್ಲ. "ಇದಕ್ಕೆ ಏನಾದ್ರೂ ಕಾಗದ ಇದೆಯಾ?"

ಇತ್ತು. ನೀವು ಬರಲು ಒಪ್ಪದ ಕಾರಣ ಕೆಲಸವನ್ನು ಬೇರೆಯವರಿಗೆ ಕೊಟ್ಟಿದ್ದೇವೆ ಎಂದು ಹೊರದೇಶದ ಕೆಲಸ ಕೊಟ್ಟಿದ್ದ ಕಂಪನಿಯವರು ಬರೆದ ಪತ್ರ. ಸೊಸೆಯ ಕೊಬ್ಬಿಗೆ ಗುರುತಾಗಿ ಇರಲಿ, ಬೇಕಾದಾಗ ಮಗನ ಮುಖಕ್ಕೆ ಹಿಡಿಯಬಹುದು ಎಂದು ಕೆಂಡಜ್ಜಿ ಅದನ್ನು ಟ್ರಂಕಿನ ತಳದಲ್ಲಿ ಜೋಪಾನ ಮಾಡಿದ್ದಳು. ಮಧ್ಯಾಹ್ನದವರೆಗೆ ಸಮಯ ಸಿಕ್ಕಿತು. ಮಗ ಓಡಿಹೋಗಿ ಪತ್ರ ತಂದ. ತಾರೀಖು ಸಾವಿಗಿಂತ ನಾಲ್ಕು ತಿಂಗಳ ಹಿಂದಿನದು. ಸರ್ಕಾರಿ ವಕೀಲರು ಕಂಪನಿಗೆ ಫೋನ್ ಮಾಡಿಸಿ ವಿಚಾರಿಸಿದರು. ಪತ್ರ ನಿಜವೆಂದು ನ್ಯಾಯಾಧೀಶರ ಮುಂದೆ ತಾವೇ ಒಪ್ಪಿಕೊಂಡರು.

ಆರೋಪ ಗಂಭೀರವಾದದ್ದೇ, ಆದರೆ ಅಷ್ಟರಿಂದಲೇ ಜಾಮೀನು ನಿರಾಕರಿಸಲಾಗದು ಎಂದು ನ್ಯಾಯಾಧೀಶರು ಆದೇಶ ಬರೆಸಿದರು. ತನಿಖೆ ಮುಗಿದಿದೆ, ಹೇಳಿಕೆಗಳೆಲ್ಲ ದಾಖಲಾಗಿವೆ, ಹಿಂದೆ ಯಾವ ಕೇಸೂ ಇಲ್ಲ, ಓಡಿಹೋಗುವ ಭಯಕ್ಕೆ ಆಧಾರ ಕಾಣುವುದಿಲ್ಲ. ಪಾಸ್‌ಪೋರ್ಟನ್ನು ಕೋರ್ಟಿಗೆ ಒಪ್ಪಿಸಬೇಕು, ಸತ್ತವಳ ಮನೆಯ ಬೀದಿಗೆ ಕಾಲಿಡಬಾರದು, ಪ್ರತಿ ಸೋಮವಾರ ಠಾಣೆಯಲ್ಲಿ ಸಹಿ ಹಾಕಬೇಕು.

ಕೆಂಡಜ್ಜಿಗೆ ಅರ್ಧ ಅರ್ಥವಾಗಲಿಲ್ಲ. ವಕೀಲೆ ತಿರುಗಿ ತಲೆಯಾಡಿಸಿದ್ದು ಅರ್ಥವಾಯಿತು. ಬೆಂಚಿನ ಮೇಲೆ ಕೂತಳು. ಎದೆಯ ಮೇಲಿನ ಬಂಡೆ ಸರಿದಂತಾಗಿ, ಎರಡು ತಿಂಗಳಿಂದ ಬಾರದ ಅಳು ಆಗ ಬಂತು.

ಮರುದಿನ ಸಂಜೆ ಜೈಲಿನ ಚಿಕ್ಕ ಬಾಗಿಲಿನಿಂದ ಸೊಸೆ ತಲೆ ಬಗ್ಗಿಸಿ ಹೊರಬಂದಳು.

"ಅತ್ತೆ, ಕೋರ್ಟಲ್ಲಿ ನನ್ನ ಬಗ್ಗೆ ಒಳ್ಳೇ ಮಾತಾಡಿದ್ರಂತೆ?"

"ಯಾರೇ ಹೇಳಿದ್ದು? ಬೈದೆ ಅಷ್ಟೆ" ಎಂದ ಕೆಂಡಜ್ಜಿ ಅವಳ ಕೈಯಿಂದ ಚೀಲ ಕಿತ್ತುಕೊಂಡಳು. "ಕಡ್ಡಿ ಆಗಿದೀಯ. ನಡಿ."

ವಿಚಾರಣೆ ಇನ್ನೂ ಶುರುವಾಗಬೇಕಿತ್ತು, ಅದು ಇಬ್ಬರಿಗೂ ಗೊತ್ತಿತ್ತು. ಮೊದಲ ಸೋಮವಾರ ಇಬ್ಬರೂ ಒಟ್ಟಿಗೇ ಠಾಣೆಗೆ ಹೋಗಿ ಸಹಿ ಮುಗಿಸಿ ಬಂದರು. ಅಂಗಡಿಗೆ ಬಂದದ್ದೇ ಸೊಸೆ ಒಗೆದ ಹೊದಿಕೆಗಳ ರಾಶಿಗೆ ಒರಗಿ ಹಾಗೇ ನಿದ್ದೆಹೋದಳು. ಒಬ್ಬ ಗಿರಾಕಿ ತನ್ನ ಹೊದಿಕೆ ಕೇಳಿಕೊಂಡು ಬಂದ. ಅದು ಸೊಸೆಯ ತಲೆಯಡಿಯೇ ಇತ್ತು.

"ನಾಳೆ ಬಾರಪ್ಪ" ಎಂದಳು ಕೆಂಡಜ್ಜಿ. "ಇವತ್ತು ಎಳೆಯೋಕಾಗಲ್ಲ."